ಸ್ಟೀಮ್ ಫ್ರೆಂಡ್ಸ್ ಲಿಸ್ಟ್ ಪಿಸಿಯಲ್ಲಿ ಖಾಲಿ, ಫೋನಿನಲ್ಲಿ ಎಲ್ಲರೂ ಇದ್ದಾರೆ

ಅಡಿಕೆ_ಆಟಗಾರ | ಹೊಸನಗರ

ಎಲ್ಲರಿಗೂ ನಮಸ್ಕಾರ. ಹೊಸನಗರದಿಂದ ಒಳಗೆ ಹೋದರೆ ಸಿಗುವ ಹಳ್ಳಿ ನಮ್ಮದು. ಮನೆಯಲ್ಲಿ ಹಳೇ ಡೆಸ್ಕ್‌ಟಾಪ್ ಇದೆ, ವಿಂಡೋಸ್ 10. ಈಗ ಕೆಲವು ದಿನದಿಂದ ಒಂದು ತೊಂದರೆ ಶುರುವಾಗಿದೆ. ಸ್ಟೀಮ್ (ಗೇಮ್ ಕೊಂಡು ಗೆಳೆಯರ ಜತೆ ಆಡುವ ಪ್ರೋಗ್ರಾಂ) ತೆರೆದುಕೊಳ್ಳುತ್ತದೆ. ಇಳಿಸಿಕೊಂಡಿರುವ ಗೇಮ್‌ಗಳು ಓಡುತ್ತವೆ. ಆದರೆ ಫ್ರೆಂಡ್ಸ್ ಕಿಟಕಿಯಲ್ಲಿ ಒಬ್ಬರ ಹೆಸರೂ ಇಲ್ಲ. ಸ್ಟೋರ್ ಪುಟ ಕೂಡ ಬರುವುದಿಲ್ಲ. ಅದೇ ವೈಫೈನಲ್ಲಿ ಫೋನಿನ ಸ್ಟೀಮ್ ಚಾಟ್ ಆ್ಯಪ್ ತೆಗೆದರೆ ಎಲ್ಲರೂ ಕಾಣುತ್ತಾರೆ, ಮೆಸೇಜೂ ಹೋಗುತ್ತದೆ.

ಇನ್ನೊಂದು ವಿಷಯ. ಇದು ದಿನಾ ಆಗುವುದಿಲ್ಲ. ಗುಡುಗು ಮಳೆ ಬಂದ ಮರುದಿನ ಜಾಸ್ತಿ. ಒಮ್ಮೊಮ್ಮೆ ಪಿಸಿ ಆನ್ ಮಾಡಿ ಬಿಟ್ಟಿದ್ದರೆ ಸಂಜೆ ಹೊತ್ತಿಗೆ ತಾನಾಗಿಯೇ ಸರಿಯಾಗುತ್ತದೆ. ಲೈನಿನ ತೊಂದರೆ ಇರಬೇಕು ಎಂದು ಇಂಟರ್ನೆಟ್ ಕೊಟ್ಟವರಿಗೆ ಫೋನ್ ಮಾಡಿದೆ. ಬಂದು ನೋಡಿ, ಲೈನ್ ಸರಿ ಇದೆ ಎಂದು ಹೇಳಿ ಹೋದರು. ಪೇಟೆಯ ಅಂಗಡಿಯಲ್ಲಿ ಕೇಳಿದರೆ ಫಾರ್ಮ್ಯಾಟ್ ಮಾಡಿಸಿ ಅಂದರು.

ನಮ್ಮ ಹೈಸ್ಕೂಲಿನ ಹುಡುಗರು ಈಗ ಬೆಂಗಳೂರು, ಮಂಗಳೂರು, ದುಬೈ ಅಂತ ಚದುರಿ ಹೋಗಿದ್ದಾರೆ. ಊರಲ್ಲಿ ಉಳಿದವನು ನಾನೊಬ್ಬನೇ. ಶನಿವಾರ ರಾತ್ರಿ ಎಲ್ಲರೂ ಸೇರಿ ಏಜ್ ಆಫ್ ಎಂಪೈರ್ಸ್ 2 ಆಡುವುದು ಮೊದಲಿಂದ ನಡೆದುಕೊಂಡು ಬಂದಿದೆ. ಆಟಕ್ಕಿಂತ ಮಾತೇ ಜಾಸ್ತಿ. ಅಡಿಕೆ ರೇಟು, ಯಾರ ಮದುವೆ, ಯಾರ ಮನೆಯಲ್ಲಿ ಹುಷಾರಿಲ್ಲ, ಎಲ್ಲ ಗೊತ್ತಾಗುವುದು ಅಲ್ಲೇ. ಕೊಯ್ಲು ಶುರುವಾದರೆ ನನಗೆ ಫೋನ್ ಮಾಡಿ ಮಾತಾಡುವಷ್ಟು ಪುರುಸೊತ್ತೂ ಇರುವುದಿಲ್ಲ. ಹಾಗಾಗಿ ಇದು ನನಗೆ ಸಣ್ಣ ವಿಷಯ ಅಲ್ಲ. ಗೊತ್ತಿದ್ದವರು ದಯವಿಟ್ಟು ಹೇಳಿ.


ಕೊಡಚಾದ್ರಿ_ಗಾಳಿ | ನಗರ

ಸ್ಟೀಮ್ ತೆಗೆದುಹಾಕಿ ಹೊಸದಾಗಿ ಹಾಕಿ ನೋಡಿ. ಅದಕ್ಕೂ ಬಗ್ಗದಿದ್ದರೆ ಅಂಗಡಿಯವರು ಹೇಳಿದ ಹಾಗೆ ಫಾರ್ಮ್ಯಾಟ್. ಹಳೇ ಮಷಿನ್‌ಗೆ ಅದೇ ಮದ್ದು.


ತುಂಗಾತೀರ | ಶಿವಮೊಗ್ಗ

ತಮ್ಮಾ, ಸದ್ಯಕ್ಕೆ ಏನನ್ನೂ ಅಳಿಸಬೇಡ. ನಮ್ಮ ಕಡೆ ಇಂಟರ್ನೆಟ್ ಗೊತ್ತಲ್ಲ. ಹತ್ತಾರು ಜಿಬಿ ಗೇಮ್ ಮತ್ತೆ ಇಳಿಸಲು ಕೂತರೆ ಶನಿವಾರ ಹೋಗಿ ಭಾನುವಾರ ಬಂದಿರುತ್ತದೆ.

ಮೊದಲು ಒಂದು ತಿಳಿದುಕೊಳ್ಳೋಣ. ಫ್ರೆಂಡ್ಸ್ ಲಿಸ್ಟ್ ನಿನ್ನ ಪಿಸಿಯಲ್ಲಿ ಇರುವುದೇ ಇಲ್ಲ. ಅದು ಇರುವುದು ಸ್ಟೀಮ್ ನಡೆಸುವ ವಾಲ್ವ್ ಕಂಪನಿಯ ಸರ್ವರ್‌ನಲ್ಲಿ, ನಿನ್ನ ಖಾತೆಯ ಹೆಸರಲ್ಲಿ. ಪಿಸಿ ಅದನ್ನು ತರಿಸಿಕೊಂಡು ತೋರಿಸುತ್ತದೆ ಅಷ್ಟೇ. ಪಾಸ್‌ಬುಕ್ ಕಾಣದಿದ್ದರೆ ಬ್ಯಾಂಕಿನ ದುಡ್ಡು ಎಲ್ಲೂ ಹೋಗುವುದಿಲ್ಲವಲ್ಲ, ಹಾಗೆ. ಆದ್ದರಿಂದ ಗಾಬರಿ ಬೇಡ.

ಎರಡನೆಯದು. 'ಫ್ರೆಂಡ್ಸ್ ಲಿಸ್ಟ್ ಕೆಲಸ ಮಾಡುತ್ತಿಲ್ಲ' ಎಂದು ಹೇಳುವವರು ಹತ್ತು ಜನ ಬಂದರೆ ಹತ್ತೂ ಬೇರೆ ಬೇರೆ ತೊಂದರೆ. ಒಬ್ಬನಿಗೆ ಇಡೀ ಲಿಸ್ಟೇ ಬರುವುದಿಲ್ಲ. ಇನ್ನೊಬ್ಬನಿಗೆ ಒಬ್ಬ ಗೆಳೆಯ ಮಾತ್ರ ಕಾಣುವುದಿಲ್ಲ. ಮತ್ತೊಬ್ಬನಿಗೆ ಲಿಸ್ಟ್ ಚೆನ್ನಾಗಿದೆ, ಹೊಸಬರನ್ನು ಸೇರಿಸಲು ಆಗುವುದಿಲ್ಲ. ಯಾವುದು ಅಂತ ಗೊತ್ತಾಗದೆ ಮದ್ದು ಹೇಳಿದರೆ ಸುಮ್ನೆ ಕಾಲಹರಣ.

ನೀನು ಅರ್ಧ ಕೆಲಸ ಆಗಲೇ ಮಾಡಿದ್ದೀಯ. ಅದೇ ವೈಫೈ, ಅದೇ ಖಾತೆ, ಫೋನಿನಲ್ಲಿ ಲಿಸ್ಟ್ ಬಂತು. ಅಂದರೆ ಖಾತೆ ಸರಿ, ಸರ್ವರ್ ಸರಿ, ಲೈನೂ ಹೆಚ್ಚುಕಡಿಮೆ ಸರಿ. ಉಳಿದದ್ದು ಪಿಸಿ. ಈಗ ಪಿಸಿಯ ಬ್ರೌಸರ್ ತೆಗೆದು ಸ್ಟೀಮ್ ಕಮ್ಯುನಿಟಿ ಪುಟಕ್ಕೆ ಹೋಗು. ಅಲ್ಲಿ ಚಾಟ್ ತೆರೆಯಲು ಬರುತ್ತದೆ. ಲಿಸ್ಟ್ ಬರುತ್ತದಾ ಇಲ್ಲವಾ ಹೇಳು. ಬರದಿದ್ದರೆ ಏನು ಬರೆದುಕೊಂಡು ಬರುತ್ತದೆ ಅನ್ನುವುದನ್ನು ಹಾಗೇ ಹೇಳು. 'ಏನೋ ಎರರ್' ಅಂತ ಬರೆಯಬೇಡ.


ಕೊಡಚಾದ್ರಿ_ಗಾಳಿ | ನಗರ

ಅಣ್ಣ, ಸ್ಟೀಮ್ ಮತ್ತೆ ಹಾಕಿದರೆ ಗೇಮ್ ಹೋಗಲೇಬೇಕು ಅಂತೇನಿಲ್ಲ. ಸ್ಟೀಮ್ ಫೋಲ್ಡರ್‌ನಲ್ಲಿ ಸ್ಟೀಮ್‌ಆ್ಯಪ್ಸ್, ಯೂಸರ್‌ಡೇಟಾ ಎರಡು ಫೋಲ್ಡರ್ ಮತ್ತೆ ಸ್ಟೀಮ್ ಇಎಕ್ಸ್‌ಇ ಫೈಲ್ ಇಟ್ಟುಕೊಂಡು ಉಳಿದದ್ದು ಅಳಿಸಿದರೆ ಸಾಕು. ಮತ್ತೆ ತೆರೆದಾಗ ಬೇಕಾದದ್ದನ್ನು ಅದೇ ತರಿಸಿಕೊಳ್ಳುತ್ತದೆ.


ತುಂಗಾತೀರ | ಶಿವಮೊಗ್ಗ

ಸರಿ ಹೇಳಿದೆ ಮಾರಾಯ, ಅದು ಒಳ್ಳೆಯ ದಾರಿಯೇ. ಆದರೆ ಕೊನೆಯ ದಾರಿ. ಅದಕ್ಕಿಂತ ಮೊದಲು ಹಗುರವಾದದ್ದು ಇವೆ. 2018ರ ಜುಲೈನಲ್ಲಿ ಹೊಸ ಸ್ಟೀಮ್ ಚಾಟ್ ಬಂದಮೇಲೆ ಫ್ರೆಂಡ್ಸ್ ಕಿಟಕಿ ಒಳಗೊಳಗೆ ಒಂದು ವೆಬ್ ಪುಟ. ಟಾಸ್ಕ್ ಮ್ಯಾನೇಜರ್ ತೆಗೆದರೆ ಸ್ಟೀಮ್‌ವೆಬ್‌ಹೆಲ್ಪರ್ ಅಂತ ಕಾಣುತ್ತದೆ, ಅದೇ ಅದನ್ನು ತೋರಿಸುವುದು. ಹಾಗಾಗಿ ಬ್ರೌಸರ್‌ಗೆ ಬರುವ ರೋಗ ಎಲ್ಲ ಇದಕ್ಕೂ ಬರುತ್ತದೆ. ಬ್ರೌಸರ್‌ನಲ್ಲಿ ತೆಗೆದು ನೋಡಲು ಹೇಳಿದ್ದು ಅದಕ್ಕೇ.


ಉಕ್ಕಿನೂರು | ಭದ್ರಾವತಿ

ನಡುವೆ ಬಂದಿದ್ದಕ್ಕೆ ಬೇಜಾರು ಮಾಡಿಕೊಳ್ಳಬೇಡಿ. ನನಗೂ ಫ್ರೆಂಡ್ಸ್ ತೊಂದರೆಯೇ. ಹೊಸ ಖಾತೆ ಮಾಡಿದ್ದೇನೆ. ಕೌಂಟರ್-ಸ್ಟ್ರೈಕ್ 2, ಡೋಟಾ 2 ಹಾಕಿಕೊಂಡಿದ್ದೇನೆ. ಕಾಲೇಜಿನ ಗೆಳೆಯರನ್ನು ಸೇರಿಸಲು ಹೋದರೆ ಬಿಡುವುದೇ ಇಲ್ಲ. ಖಾತೆ ಬ್ಯಾನ್ ಆಗಿದೆಯಾ? ನಾನು ಯಾವ ಚೀಟೂ ಬಳಸಿಲ್ಲ. ತುಂಬಾ ತಲೆಬಿಸಿ ಆಗಿದೆ.


ವರದೆಯ_ದಡ | ಸಾಗರ

ಬ್ಯಾನ್ ಅಲ್ಲ, ಹೆದರಬೇಡ. ನಿನ್ನದು ಲಿಮಿಟೆಡ್ ಖಾತೆ. ಸ್ಟೀಮ್‌ನಲ್ಲಿ ಕನಿಷ್ಠ 5 ಡಾಲರ್ ಬೆಲೆಯಷ್ಟು ಖರ್ಚು ಮಾಡುವ ತನಕ ಎಲ್ಲ ಹೊಸ ಖಾತೆಗೂ ಈ ಕಟ್ಟು ಇರುತ್ತದೆ. ಫ್ರೆಂಡ್ ರಿಕ್ವೆಸ್ಟ್ ಕಳಿಸಲು ಆಗುವುದಿಲ್ಲ. ನೀನು ಹಾಕಿಕೊಂಡ ಎರಡೂ ಗೇಮ್ ಪುಕ್ಕಟೆಯವು, ಅವು ಲೆಕ್ಕಕ್ಕೆ ಬರುವುದಿಲ್ಲ. ಹೊರಗೆ ಕೊಂಡ ಗೇಮಿನ ಕೀ ಹಾಕಿದರೂ ಬರುವುದಿಲ್ಲ. ಯಾರಾದರೂ ಗಿಫ್ಟ್ ಕೊಟ್ಟರೂ ಬರುವುದಿಲ್ಲ, ಕೊಟ್ಟವರ ಲೆಕ್ಕಕ್ಕೆ ಹೋಗುತ್ತದೆ. ಸ್ಟೀಮ್ ವಾಲೆಟ್‌ಗೆ ದುಡ್ಡು ಹಾಕಬೇಕು, ಇಲ್ಲ ಸ್ಟೀಮ್ ಸ್ಟೋರಿನಲ್ಲೇ ಗೇಮ್ ಕೊಳ್ಳಬೇಕು. 2015ರಿಂದ ನಮಗೆ ಬೆಲೆ ರೂಪಾಯಿಯಲ್ಲೇ ಇದೆ, ಯುಪಿಐನಲ್ಲೂ ಕಟ್ಟಬಹುದು. ಆದರೆ ಮಿತಿ ಡಾಲರ್ ಲೆಕ್ಕದ್ದು, ಅದಕ್ಕೆ ಸರಿಯಾಗಿ ಅಂಚಿಗೆ ನಿಲ್ಲಿಸದೆ ಸ್ವಲ್ಪ ಜಾಸ್ತಿಯೇ ಹಾಕು.

ದುಡ್ಡು ಹಾಕಲು ಈಗ ಆಗದಿದ್ದರೆ ಇನ್ನೊಂದು ದಾರಿ ಇದೆ. ರಿಕ್ವೆಸ್ಟ್ ಕಳಿಸಲು ಆಗುವುದಿಲ್ಲವೇ ಹೊರತು, ಬಂದದ್ದನ್ನು ಒಪ್ಪಿಕೊಳ್ಳಲು ಆಗುತ್ತದೆ. ಈ ಕಟ್ಟು ಇಲ್ಲದ ಗೆಳೆಯ ಯಾರಾದರೂ ನಿನಗೆ ರಿಕ್ವೆಸ್ಟ್ ಕಳಿಸಲಿ. ಹೆಸರು ಹುಡುಕಿ ಕಳಿಸಲು ಹೇಳಬೇಡ, ಒಂದೇ ಹೆಸರಿನವರು ಸಾವಿರ ಜನ ಇರುತ್ತಾರೆ. 'ಆ್ಯಡ್ ಎ ಫ್ರೆಂಡ್' ಪುಟದಲ್ಲಿ ನಿನ್ನ ಫ್ರೆಂಡ್ ಕೋಡ್ ಇರುತ್ತದೆ, ಬರೀ ಅಂಕಿಗಳು. ಅದನ್ನು ವಾಟ್ಸಾಪ್‌ನಲ್ಲಿ ಕಳಿಸಿಬಿಡು.

ಈ ಕಟ್ಟು ಯಾಕೆ ಇದೆ ಅಂತ ಬೇಜಾರು ಆಗಬಹುದು. ಪುಕ್ಕಟೆ ಖಾತೆ ನೂರಾರು ಮಾಡಿ ಸಿಕ್ಕಸಿಕ್ಕವರಿಗೆ ರಿಕ್ವೆಸ್ಟ್ ಹಾಕಿ ಮೋಸ ಮಾಡುವವರು ಇದ್ದಾರೆ. ಅವರನ್ನು ತಡೆಯಲು ಮಾಡಿದ್ದು. ಓದುವ ಹುಡುಗರಿಗೆ ಅದು ಕಷ್ಟವೇ, ಗೊತ್ತು. ಆದರೂ ನನಗೆ ಇದು ಬೇಕಾದ ಕಟ್ಟು ಅನಿಸುತ್ತದೆ.


ಉಕ್ಕಿನೂರು | ಭದ್ರಾವತಿ

ಅಕ್ಕಾ, ತುಂಬಾ ಉಪಕಾರ ಆಯ್ತು. ಕೋಡ್ ಕಳಿಸಿದ್ದೇನೆ, ಗೆಳೆಯ ಕಾಲೇಜಿನಿಂದ ಬಂದಮೇಲೆ ನೋಡುತ್ತಾನೆ.


ಅಡಿಕೆ_ಆಟಗಾರ | ಹೊಸನಗರ

ಅಣ್ಣ, ತೋಟದಲ್ಲಿ ಕೆಲಸ ಇತ್ತು, ಈಗ ನೋಡಿದೆ. ನಿನ್ನೆ ರಾತ್ರಿಯೂ ಜೋರು ಗುಡುಗು. ಬೆಳಿಗ್ಗೆ ಪಿಸಿ ಹಾಕಿದರೆ ಲಿಸ್ಟ್ ಖಾಲಿ. ನೀವು ಹೇಳಿದ ಹಾಗೆ ಕ್ರೋಮ್‌ನಲ್ಲಿ ತೆಗೆದೆ. ಪುಟ ಬರಲಿಲ್ಲ. ನಿಮ್ಮ ಗಡಿಯಾರ ಹಿಂದಿದೆ ಅನ್ನುವ ಅರ್ಥದ ಇಂಗ್ಲಿಷ್ ಸಾಲು ಬಂತು. ಕೆಳಗೆ ಮೂಲೆಯಲ್ಲಿ ನೋಡಿದರೆ ತಾರೀಖು 2016ರ ಜನವರಿ ತೋರಿಸುತ್ತಿದೆ!


ತುಂಗಾತೀರ | ಶಿವಮೊಗ್ಗ

ಸಿಕ್ಕಿತು ನೋಡು. ಮಲೆನಾಡಿನ ಪಿಸಿಗಳಲ್ಲಿ ಇದನ್ನು ನಾನು ತುಂಬಾ ನೋಡಿದ್ದೇನೆ. ಸ್ವಲ್ಪ ಬಿಡಿಸಿ ಹೇಳುತ್ತೇನೆ, ಬೇರೆಯವರಿಗೂ ಬೇಕಾಗುತ್ತದೆ.

ಸ್ಟೀಮ್ ಸರ್ವರ್ ಜತೆ ಮಾತಾಡುವ ಮೊದಲು ನಿನ್ನ ಪಿಸಿ ಆ ಸರ್ವರಿನ ಸರ್ಟಿಫಿಕೇಟ್, ಅಂದರೆ ಅದರ ಗುರುತಿನ ಚೀಟಿ ನೋಡುತ್ತದೆ. ಅದರ ಮೇಲೆ ಇಂಥ ದಿನದಿಂದ ಇಂಥ ದಿನದವರೆಗೆ ಅಂತ ಇರುತ್ತದೆ. ನಿನ್ನ ಪಿಸಿ ಈಗ 2016 ಅಂದುಕೊಂಡಿದೆ. ಹಾಗಾಗಿ ಈಚೆಗೆ ಕೊಟ್ಟ ಸರ್ಟಿಫಿಕೇಟ್ ಇನ್ನೂ ಶುರುವೇ ಆಗಿಲ್ಲ ಅದರ ಲೆಕ್ಕದಲ್ಲಿ. ನಂಬುವುದಿಲ್ಲ, ಸಂಪರ್ಕ ಕಡಿದುಬಿಡುತ್ತದೆ. ಲಿಸ್ಟ್ ಬರುವುದಿಲ್ಲ, ಸ್ಟೋರ್ ಬರುವುದಿಲ್ಲ. ಇಳಿಸಿಟ್ಟ ಗೇಮ್‌ಗೆ ಇದ್ಯಾವುದೂ ಬೇಡ, ಅದು ಓಡುತ್ತದೆ. ಫೋನಿಗೆ ಟೈಮ್ ಟವರ್‌ನಿಂದ ಬರುತ್ತದೆ, ಅದಕ್ಕೆ ಅಲ್ಲಿ ಎಲ್ಲ ಸರಿ.

ಇನ್ನು ಗುಡುಗಿಗೂ ಇದಕ್ಕೂ ಏನು ನಂಟು ಅಂದರೆ, ನೀವು ಸಿಡಿಲು ಶುರುವಾದ ಕೂಡಲೇ ಪಿಸಿಯ ಪ್ಲಗ್ ಕೀಳುತ್ತೀರಿ ಅಲ್ವಾ?


ಅಡಿಕೆ_ಆಟಗಾರ | ಹೊಸನಗರ

ಹೌದು ಅಣ್ಣ. ಕಿತ್ತೇ ಮಲಗುವುದು. ಪಕ್ಕದ ಮನೆಯಲ್ಲಿ ಟಿವಿ ಸುಟ್ಟುಹೋದಮೇಲೆ ಅಪ್ಪ ಯಾವುದನ್ನೂ ಬಿಡುವುದಿಲ್ಲ.


ತುಂಗಾತೀರ | ಶಿವಮೊಗ್ಗ

ಒಳ್ಳೆಯ ಕೆಲಸ ಅದು, ಬಿಡಬೇಡಿ. ಪಿಸಿಯ ಪ್ಲಗ್ ಜತೆ ನೆಟ್‌ವರ್ಕ್ ಕೇಬಲನ್ನೂ ಕೀಳಿ. ಸಿಡಿಲು ಕರೆಂಟಿನ ತಂತಿಯಲ್ಲೇ ಬರಬೇಕು ಅಂತಿಲ್ಲ, ಆ ಕೇಬಲ್ ಹಿಡಿದುಕೊಂಡೂ ಬಂದು ಮದರ್‌ಬೋರ್ಡ್ (ಪಿಸಿ ಒಳಗಿನ ಮುಖ್ಯ ಬೋರ್ಡ್) ಸುಡುತ್ತದೆ.

ವಿಷಯ ಏನೆಂದರೆ, ಡೆಸ್ಕ್‌ಟಾಪ್ ಆಫ್ ಮಾಡಿದರೂ ಪ್ಲಗ್ ಇದ್ದು ಗೋಡೆಯ ಸ್ವಿಚ್ ಆನ್ ಇದ್ದರೆ ಮದರ್‌ಬೋರ್ಡಿಗೆ ಚೂರು ಕರೆಂಟ್ ಹೋಗುತ್ತಲೇ ಇರುತ್ತದೆ. ಒಳಗಿನ ಗಡಿಯಾರ ಅದರಲ್ಲೇ ನಡೆಯುತ್ತದೆ. ಪ್ಲಗ್ ಕಿತ್ತಾಗ, ಕರೆಂಟ್ ಹೋದಾಗ ಮಾತ್ರ ಮದರ್‌ಬೋರ್ಡಿನ ಮೇಲಿರುವ ಬಟನ್ ಸೆಲ್ ಆ ಗಡಿಯಾರವನ್ನು ನಡೆಸುತ್ತದೆ. ಆ ಸೆಲ್ ಕೆಲವು ವರ್ಷಕ್ಕೆ ಸೋಲುತ್ತದೆ. ಸೋತ ಸೆಲ್ ಇದ್ದರೂ ಸ್ವಿಚ್ ಆರಿಸದೆ ಬಿಡುವ ಮನೆಯಲ್ಲಿ ಗೊತ್ತೇ ಆಗುವುದಿಲ್ಲ. ನಮ್ಮಲ್ಲಿ ರಾತ್ರಿಯಿಡೀ ಕರೆಂಟ್ ಇರುವುದಿಲ್ಲ, ಇದ್ದರೂ ಪ್ಲಗ್ ಕಿತ್ತಿರುತ್ತೇವೆ. ಬೆಳಿಗ್ಗೆ ಗಡಿಯಾರ ಮದರ್‌ಬೋರ್ಡಿನ ಮೊದಲ ತಾರೀಖಿಗೆ ಹೋಗಿ ಕೂತಿರುತ್ತದೆ. ನಿನಗೆ ಮಳೆಯ ಮರುದಿನವೇ ಯಾಕೆ ಆಗುತ್ತಿತ್ತು ಅಂತ ಈಗ ಗೊತ್ತಾಯಿತಾ?

ಈಗ ತಕ್ಷಣಕ್ಕೆ ಕೆಳಗಿನ ಗಡಿಯಾರದ ಮೇಲೆ ರೈಟ್ ಕ್ಲಿಕ್ ಮಾಡಿ ತಾರೀಖು, ಟೈಮ್ ಕೈಯಾರೆ ಸರಿ ಮಾಡು. ಟೈಮ್ ಝೋನ್ ಭಾರತದ್ದೇ ಇದೆಯಾ ನೋಡು. ಆಮೇಲೆ 'ಸಿಂಕ್ ನೌ' ಒತ್ತು. ಸ್ಟೀಮನ್ನು ಪೂರ್ತಿ ಮುಚ್ಚಿ ತೆರೆ. ಬರೀ ಕಿಟಕಿ ಮುಚ್ಚಿದರೆ ಸಾಲದು, ಮೇಲಿನ ಸ್ಟೀಮ್ ಮೆನುವಿನಲ್ಲಿ 'ಎಕ್ಸಿಟ್' ಕೊಡಬೇಕು.


ಕೊಡಚಾದ್ರಿ_ಗಾಳಿ | ನಗರ

ಅಣ್ಣ, ಒಂದು ಅನುಮಾನ. ವಿಂಡೋಸ್ ಟೈಮನ್ನು ಇಂಟರ್ನೆಟ್‌ನಿಂದ ತಾನೇ ತೆಗೆದುಕೊಳ್ಳುತ್ತದಲ್ಲ? ಹಾಗಿದ್ದರೆ ಇದು ಯಾಕೆ ಬೆಳಿಗ್ಗೆಯೇ ಸರಿಯಾಗುವುದಿಲ್ಲ?


ತುಂಗಾತೀರ | ಶಿವಮೊಗ್ಗ

ಒಳ್ಳೆಯ ಪ್ರಶ್ನೆ. ತೆಗೆದುಕೊಳ್ಳುತ್ತದೆ, ಆದರೆ ಆನ್ ಆದ ಕ್ಷಣಕ್ಕೇ ಅಲ್ಲ. ಇನ್ನೊಂದು, ವ್ಯತ್ಯಾಸ ತೀರಾ ಜಾಸ್ತಿ ಇದ್ದರೆ ಅದು ಸುಲಭಕ್ಕೆ ಒಪ್ಪುವುದಿಲ್ಲ. ಮನೆಯ ಮಾಮೂಲಿ ಪಿಸಿಯಲ್ಲಿ ಆ ಮಿತಿ 15 ಗಂಟೆ. ಒಂದೆರಡು ನಿಮಿಷ ಆಚೀಚೆ ಆದರೆ ಸುಮ್ಮನೆ ತಿದ್ದುತ್ತದೆ. ವರ್ಷಗಟ್ಟಲೆ ಹಿಂದೆ ಹೋಗಿದ್ದರೆ, ಹೊರಗಿನಿಂದ ಬಂದ ಟೈಮನ್ನೇ ಅನುಮಾನಿಸುತ್ತದೆ. ವಿಂಡೋಸ್ 10ಕ್ಕೆ ಟೈಮ್ ತಿಳಿದುಕೊಳ್ಳುವ ಬೇರೆ ದಾರಿಯೂ ಇದೆ, ಅದಕ್ಕೇ ಸಂಜೆ ಹೊತ್ತಿಗೆ ಒಮ್ಮೊಮ್ಮೆ ಸರಿಯಾಗುತ್ತಿತ್ತು.


ಅಡಿಕೆ_ಆಟಗಾರ | ಹೊಸನಗರ

ತಾರೀಖು ಸರಿ ಮಾಡಿದೆ. ಸ್ಟೀಮ್ ತೆರೆದೆ. ಲಿಸ್ಟ್ ಬಂತು! ದುಬೈನವನು ಆನ್‌ಲೈನ್‌ನಲ್ಲೇ ಇದ್ದ, ಎಲ್ಲಿ ಹೋಗಿದ್ದೆ ಮಾರಾಯ ಅಂತ ಕೇಳಿದ. ಅಣ್ಣ, ನಿಮಗೆ ಹೇಗೆ ಥ್ಯಾಂಕ್ಸ್ ಹೇಳಬೇಕೋ ಗೊತ್ತಿಲ್ಲ. ಆ ಸೆಲ್ ನಾನೇ ಬದಲಿಸಬಹುದಾ, ಅಥವಾ ಪೇಟೆಗೆ ಹೊತ್ತುಕೊಂಡು ಹೋಗಬೇಕಾ?


ತುಂಗಾತೀರ | ಶಿವಮೊಗ್ಗ

ನೀನೇ ಬದಲಿಸಬಹುದು. ಅಂಗಡಿಯಲ್ಲಿ ಸಿಆರ್ 2032 ಅಂತ ಕೇಳು. 3 ವೋಲ್ಟಿನದು, 20 ಮಿಲಿಮೀಟರ್ ಅಗಲ, 3.2 ಮಿಲಿಮೀಟರ್ ದಪ್ಪ. 2025, 2016 ಅಂತಲೂ ಇರುತ್ತವೆ. ಅಗಲ ಅಷ್ಟೇ, ದಪ್ಪ ಕಡಿಮೆ. ಸರಿಯಾಗಿ ಕೂರುವುದಿಲ್ಲ. ಕೈಗಡಿಯಾರದ ಅಂಗಡಿಯಲ್ಲೂ ಸಿಗುತ್ತದೆ. ನೂರು ರೂಪಾಯಿಯೊಳಗೆ ಮುಗಿಯುತ್ತದೆ.

ಬದಲಿಸುವ ಮೊದಲು ಬಯಾಸ್‌ಗೆ (ವಿಂಡೋಸ್ ಶುರುವಾಗುವ ಮೊದಲೇ ತೆರೆಯುವ ಪಿಸಿಯ ಮೂಲ ಸೆಟ್ಟಿಂಗ್) ಹೋಗಿ ಪ್ರತಿ ಪುಟದ ಫೋಟೊ ಫೋನಿನಲ್ಲಿ ತೆಗೆದಿಟ್ಟುಕೋ. ಸೆಲ್ ತೆಗೆದಾಗ ಅಲ್ಲಿನ ಸೆಟ್ಟಿಂಗ್ ಮೊದಲಿನ ಸ್ಥಿತಿಗೆ ಹೋಗಬಹುದು. ಆಮೇಲೆ ಪಿಸಿ ಆಫ್ ಮಾಡು, ಪ್ಲಗ್ ಕಿತ್ತು, ಪವರ್ ಬಟನ್ ಸ್ವಲ್ಪ ಹೊತ್ತು ಒತ್ತಿ ಹಿಡಿ. ಒಳಗೆ ಉಳಿದ ಕರೆಂಟ್ ಖಾಲಿಯಾಗುತ್ತದೆ. ಕ್ಯಾಬಿನೆಟ್ಟಿನ ಪಕ್ಕದ ತಗಡು ಬಿಚ್ಚು. ಮೊದಲು ಬರೀ ಕಬ್ಬಿಣದ ಭಾಗ ಮುಟ್ಟು, ಆಮೇಲೆ ಮದರ್‌ಬೋರ್ಡ್ ಹತ್ತಿರ ಕೈ ಹಾಕು. ಹೊಳೆಯುವ ಬಿಲ್ಲೆ ಕಾಣುತ್ತದೆ, ಕೆಲವು ಬೋರ್ಡಿನಲ್ಲಿ ಗ್ರಾಫಿಕ್ಸ್ ಕಾರ್ಡಿನ ಅಡಿಗೆ ಇರುತ್ತದೆ. ಅದರ ಅಂಚಿಗೆ ಒಂದು ಸಣ್ಣ ಕೊಕ್ಕೆ ಇದೆ. ಕೊಕ್ಕೆಯನ್ನು ಉಗುರಲ್ಲಿ ಹೊರಗೆ ತಳ್ಳಿದರೆ ಸೆಲ್ ತಾನೇ ಮೇಲೆ ಏಳುತ್ತದೆ. ಸ್ಕ್ರೂಡ್ರೈವರ್ ಹಾಕಿ ಮೀಟಬೇಡ. ಹೊಸದರಲ್ಲಿ ಪ್ಲಸ್ ಗುರುತು ಇರುವ ಮುಖ ಮೇಲೆ ಬರಬೇಕು. ಟಕ್ ಅಂತ ಕೂರುತ್ತದೆ.

ಆನ್ ಮಾಡಿದಾಗ ಕಪ್ಪು ಪರದೆಯಲ್ಲಿ ಏನೋ ಎಚ್ಚರಿಕೆ ಬಂದು ಎಫ್ 1 ಒತ್ತಲು ಕೇಳಬಹುದು, ಗಾಬರಿ ಬೇಡ. ಬಯಾಸ್‌ಗೆ ಹೋಗಿ ತಾರೀಖು ಹಾಕು. ತೆಗೆದಿಟ್ಟ ಫೋಟೊ ನೋಡಿ ಬೇರೆ ಏನಾದರೂ ಬದಲಾಗಿದ್ದರೆ ಮೊದಲಿನಂತೆ ಮಾಡು. ಸೇವ್ ಮಾಡಿ ಹೊರಗೆ ಬಾ.

ಒಂದು ಮಾತು ಮರೆಯಬೇಡ. ಹಳೇ ಸೆಲ್ ಅಲ್ಲಿ ಇಲ್ಲಿ ಇಡಬೇಡ. ಮನೆಯಲ್ಲಿ ಸಣ್ಣ ಮಕ್ಕಳಿದ್ದರೆ ಬಾಯಿಗೆ ಹಾಕಿಕೊಂಡುಬಿಡುತ್ತವೆ. ಹಳೆಯದಾದರೂ ಅನ್ನನಾಳವನ್ನು ಸುಡುವ ಶಕ್ತಿ ಅದಕ್ಕಿರುತ್ತದೆ. ನುಂಗಿದರೆ ತಡ ಮಾಡದೆ ಆಸ್ಪತ್ರೆಗೆ ಓಡಬೇಕು.


ವರದೆಯ_ದಡ | ಸಾಗರ

ಈ ಚರ್ಚೆ ಉಪಯೋಗ ಆಗುತ್ತಿದೆ, ನನ್ನದನ್ನೂ ಸೇರಿಸುತ್ತೇನೆ. ನಾನು ಓದುವುದು ಬೇರೆ ಊರಿನಲ್ಲಿ, ಹಾಸ್ಟೆಲ್. ಅಲ್ಲಿನ ವೈಫೈನಲ್ಲಿ ಸ್ಟೀಮ್ ಲಿಸ್ಟ್ ಬರುವುದಿಲ್ಲ, ವಾಯ್ಸ್ ಅಂತೂ ಇಲ್ಲವೇ ಇಲ್ಲ. ಮೊಬೈಲ್ ಹಾಟ್‌ಸ್ಪಾಟ್ ಕೊಟ್ಟ ಕೂಡಲೇ ಎಲ್ಲ ಬರುತ್ತದೆ. ಅಂದರೆ ಲ್ಯಾಪ್‌ಟಾಪ್ ಸರಿ, ವೈಫೈ ತಡೆಯುತ್ತಿದೆ. ಹಾಸ್ಟೆಲ್, ಆಫೀಸ್ ನೆಟ್‌ವರ್ಕ್‌ಗಳಲ್ಲಿ ಇದು ಮಾಮೂಲಿ. ಸ್ಟೀಮ್ ಬಳಸುವ 27015ರಿಂದ 27050ರವರೆಗಿನ ಪೋರ್ಟ್‌ಗಳನ್ನು (ನೆಟ್‌ವರ್ಕಿನ ನಂಬರ್ ಹಾಕಿದ ಬಾಗಿಲು ಅಂದುಕೊಳ್ಳಿ) ಮುಚ್ಚಿರುತ್ತಾರೆ. ವಾಯ್ಸ್‌ಗೆ ಬೇಕಾದ 3478, 4379, 4380 ಪೋರ್ಟ್‌ಗಳೂ ಹಾಗೇ. ಬ್ರೌಸರ್‌ನಲ್ಲಿ ತೆರೆಯುವ ಚಾಟ್ 443ನೇ ಪೋರ್ಟಿನಲ್ಲಿ ಹೋಗುತ್ತದೆ. ಅದು ಎಲ್ಲ ವೆಬ್‌ಸೈಟಿಗೂ ಬೇಕಾದ್ದು, ಹಾಗಾಗಿ ಸಾಮಾನ್ಯವಾಗಿ ಮುಚ್ಚುವುದಿಲ್ಲ. ನನಗೆ ಅದರಲ್ಲೇ ನಡೆಯುತ್ತಿದೆ.

ಪುಕ್ಕಟೆ ವಿಪಿಎನ್ (ನಮ್ಮ ಸಂಪರ್ಕವನ್ನು ಬೇರೆಯವರ ಸರ್ವರ್ ಮೂಲಕ ಕಳಿಸುವ ಆ್ಯಪ್) ಹಾಕಿಕೋ ಅಂತ ಹೇಳುವವರು ಇದ್ದಾರೆ. ನಾನು ಬೇಡ ಅನ್ನುತ್ತೇನೆ. ಯಾರು ನಡೆಸುತ್ತಾರೋ ಗೊತ್ತಿಲ್ಲದ ದಾರಿಯಲ್ಲಿ ಪಾಸ್‌ವರ್ಡ್ ಯಾಕೆ ಕಳಿಸಬೇಕು? ವಿಪಿಎನ್‌ನಲ್ಲಿ ಬೇರೆ ದೇಶ ತೋರಿಸಿ ಗೇಮ್ ಕೊಳ್ಳುವುದಂತೂ ಸ್ಟೀಮ್ ನಿಯಮಕ್ಕೆ ವಿರುದ್ಧ.


ತೀರ್ಥಹಳ್ಳಿ_ತಂದೆ | ತೀರ್ಥಹಳ್ಳಿ

ನಮಸ್ಕಾರ. ನನಗೆ ಗೇಮ್ ಎಲ್ಲ ಗೊತ್ತಿಲ್ಲ, ಮಗನಿಗೋಸ್ಕರ ಕೇಳುತ್ತಿದ್ದೇನೆ. ಒಂಬತ್ತನೇ ಕ್ಲಾಸ್. ಅವನ ಸ್ಟೀಮ್‌ನಲ್ಲಿ ಫ್ರೆಂಡ್ಸ್ ಅನ್ನುವುದೇ ತೆರೆಯುವುದಿಲ್ಲವಂತೆ, ಗೇಮ್ ಆಡಲು ಆಗುತ್ತದೆ. ಅವನ ಅಕ್ಕ ಬೆಂಗಳೂರಿನಿಂದ ಅದೇನೋ ಫ್ಯಾಮಿಲಿ ಅಂತ ಮಾಡಿಕೊಟ್ಟಿದ್ದಳು. ಮೇಲೆ ಬರೆದ ತಾರೀಖು ನೋಡಿದೆ, ಸರಿ ಇದೆ.


ವರದೆಯ_ದಡ | ಸಾಗರ

ಸರ್, ನಿಮ್ಮ ಪ್ರಶ್ನೆಯಲ್ಲೇ ಉತ್ತರ ಇದೆ. ಅದು ಸ್ಟೀಮ್ ಫ್ಯಾಮಿಲೀಸ್. 2024ರ ಸೆಪ್ಟೆಂಬರಿನಲ್ಲಿ ಎಲ್ಲರಿಗೂ ಬಂತು. ಒಂದು ಮನೆಯ 6 ಜನರವರೆಗೆ ಸೇರಬಹುದು. ದೊಡ್ಡವರು ಮಕ್ಕಳ ಖಾತೆಗೆ ಮಿತಿ ಹಾಕಬಹುದು. ಯಾವ ಗೇಮ್, ಎಷ್ಟು ಹೊತ್ತು, ಸ್ಟೋರ್ ಬೇಕಾ, ಫ್ರೆಂಡ್ಸ್ ಮತ್ತು ಚಾಟ್ ಬೇಕಾ, ಎಲ್ಲ. ನಿಮ್ಮ ಮಗಳು ಫ್ರೆಂಡ್ಸ್ ಮತ್ತು ಚಾಟ್ ಮುಚ್ಚಿಟ್ಟಿರಬಹುದು. ಅವರ ಖಾತೆಯಿಂದಲೇ ಬಿಡಿಸಬೇಕು, ಮಗನ ಕಡೆಯಿಂದ ಆಗುವುದಿಲ್ಲ. ಅವರಿಗೊಂದು ಫೋನ್ ಮಾಡಿ.

ಬಿಡಿಸುವುದಾದರೆ ಮಗನ ಜತೆ ಕೂತು ಒಂದು ಸಲ ಲಿಸ್ಟ್ ನೋಡಿ ಸರ್. ಶಾಲೆಯ ಗೆಳೆಯರು, ನೆಂಟರ ಮಕ್ಕಳು ಇದ್ದರೆ ಸಾಕು. ಪರಿಚಯ ಇಲ್ಲದವರ ರಿಕ್ವೆಸ್ಟ್ ಬಂದರೆ ನಿಮಗೆ ಹೇಳಲು ಹೇಳಿ.


ಆಗುಂಬೆ_ಮಂಜು | ಬೆಂಗಳೂರು

ನಾನು ಇರುವುದು ಬೆಂಗಳೂರು, ಊರು ಆಗುಂಬೆ ಕಡೆ. ನನ್ನದು ಬೇರೆ ಕಥೆ. ಲಿಸ್ಟ್ ಬರುತ್ತದೆ, ಆದರೆ ಒಬ್ಬ ಗೆಳೆಯ ಯಾವಾಗಲೂ ಆಫ್‌ಲೈನ್. ಆಟ ಆಡುತ್ತಾನೆ ಅಂತ ಬೇರೆಯವರಿಂದ ಗೊತ್ತಾಗುತ್ತದೆ. ಇನ್ನೊಬ್ಬ ಲಿಸ್ಟಿನಲ್ಲೇ ಇಲ್ಲ. ಇದು ಪಿಸಿ ತೊಂದರೆಯಾ?


ತುಂಗಾತೀರ | ಶಿವಮೊಗ್ಗ

ಪಿಸಿ ತೊಂದರೆ ಅಲ್ಲ. ಉಳಿದವರೆಲ್ಲ ಸರಿಯಾಗಿ ಕಾಣುತ್ತಿದ್ದಾರೆ ಅಂದಮೇಲೆ ನಿಮ್ಮ ಕಡೆ ಎಲ್ಲ ಸರಿ ಇದೆ.

ಯಾವಾಗಲೂ ಆಫ್‌ಲೈನ್ ಕಾಣುವವರು 'ಇನ್‌ವಿಸಿಬಲ್' ಇಟ್ಟುಕೊಂಡಿರಬಹುದು. ಅದರಲ್ಲಿ ಅವರಿಗೆ ಎಲ್ಲರೂ ಕಾಣುತ್ತಾರೆ, ಚಾಟೂ ಮಾಡಬಹುದು, ಬೇರೆಯವರಿಗೆ ಮಾತ್ರ ಆಫ್‌ಲೈನ್. 'ಆಫ್‌ಲೈನ್' ಅನ್ನುವುದು ಬೇರೆ, ಅದನ್ನು ಆರಿಸಿದರೆ ಚಾಟ್‌ನಿಂದಲೇ ಹೊರಗೆ. ಇನ್ನು ಕೆಲವರು ಆನ್‌ಲೈನ್ ಕಾಣುತ್ತಾರೆ, ಯಾವ ಗೇಮ್ ಅಂತ ಕಾಣುವುದಿಲ್ಲ. ಪ್ರೊಫೈಲಿನಲ್ಲಿ 'ಗೇಮ್ ಡೀಟೇಲ್ಸ್' ಪ್ರೈವೇಟ್ ಇದ್ದರೆ ಹಾಗಾಗುತ್ತದೆ.

ಲಿಸ್ಟಿನಲ್ಲೇ ಇಲ್ಲದವರ ಬಗ್ಗೆ. ಮೊದಲು ಹೆಸರು ಬದಲಾಯಿಸಿದ್ದಾರಾ ನೋಡಿ. ಸ್ಟೀಮ್‌ನಲ್ಲಿ ಹೆಸರು, ಚಿತ್ರ ಯಾವಾಗ ಬೇಕಾದರೂ ಬದಲಿಸಬಹುದು, 7656119ರಿಂದ ಶುರುವಾಗುವ 17 ಅಂಕಿಯ ಐಡಿ ಮಾತ್ರ ಬದಲಾಗುವುದಿಲ್ಲ. ಅದಕ್ಕೆ ನಾನು ಎಲ್ಲರಿಗೂ 'ನಿಕ್‌ನೇಮ್' ಕೊಟ್ಟಿಟ್ಟಿದ್ದೇನೆ. ಅದು ನಮಗೆ ಮಾತ್ರ ಕಾಣುತ್ತದೆ, ಅವರು ಏನೇ ಹೆಸರಿಟ್ಟುಕೊಳ್ಳಲಿ. ಆಮೇಲೆ ಫ್ರೆಂಡ್ಸ್ ಪುಟದಲ್ಲಿ 'ಬ್ಲಾಕ್ಡ್' ಪಟ್ಟಿ ನೋಡಿ, ಕೈತಪ್ಪಿ ಅಲ್ಲಿಗೆ ಹೋಗಿರುತ್ತಾರೆ ಒಮ್ಮೊಮ್ಮೆ.

ಎರಡೂ ಇಲ್ಲದಿದ್ದರೆ ಅವರೇ ನಿಮ್ಮನ್ನು ತೆಗೆದಿರಬಹುದು. ತೆಗೆದರೆ ಸ್ಟೀಮ್ ಯಾರಿಗೂ ತಿಳಿಸುವುದಿಲ್ಲ. ಬೇಜಾರಿನಿಂದಲೇ ತೆಗೆದಿರುತ್ತಾರೆ ಅಂತಲ್ಲ. ಲಿಸ್ಟಿಗೆ ಮಿತಿ ಇದೆ. ಮೊದಲಿಗೆ 250 ಜನ, ಆಮೇಲೆ ಸ್ಟೀಮ್ ಖಾತೆಯ ಪ್ರತಿ ಲೆವೆಲ್‌ಗೆ 5 ಜನ ಜಾಸ್ತಿ. ತುಂಬಿದವರು ಹಳಬರನ್ನು ತೆಗೆಯುತ್ತಾರೆ. ಫೋನ್ ನಂಬರ್ ಇದ್ದರೆ ಒಂದು ಕರೆ ಮಾಡಿ ಕೇಳಿ, ಮಾತಾಡಿದ ಹಾಗೂ ಆಯಿತು.


ಆಗುಂಬೆ_ಮಂಜು | ಬೆಂಗಳೂರು

ಕರೆ ಮಾಡಿದೆ. ಅವನು ತೆಗೆದಿಲ್ಲವಂತೆ. 'ನಮ್ಮ ಟೀಮಿಗೆ ವೋಟ್ ಹಾಕು' ಅಂತ ಗೊತ್ತಿದ್ದವನಿಂದಲೇ ಲಿಂಕ್ ಬಂತಂತೆ. ಒತ್ತಿ ಲಾಗಿನ್ ಆದಮೇಲೆ ಖಾತೆಯಲ್ಲಿ ಏನೇನೋ ಆಗಿದೆ, ಅರ್ಧ ಲಿಸ್ಟ್ ಇಲ್ಲ. ಈಗ ಏನು ಮಾಡಬೇಕು?


ತುಂಗಾತೀರ | ಶಿವಮೊಗ್ಗ

ಇದು ಅವಸರದ್ದು. ಅವರಿಗೆ ಈಗಲೇ ಹೇಳಿ. ಆ ಲಿಂಕಿನ ಪುಟ ಸ್ಟೀಮ್‌ನ ಹಾಗೇ ಕಾಣುತ್ತದೆ, ಆದರೆ ಸ್ಟೀಮ್ ಅಲ್ಲ. ಬೇರೆ ಶುದ್ಧ ಪಿಸಿ ಅಥವಾ ಫೋನಿನಿಂದ ಮೊದಲು ಇಮೇಲ್ ಪಾಸ್‌ವರ್ಡ್, ಆಮೇಲೆ ಸ್ಟೀಮ್ ಪಾಸ್‌ವರ್ಡ್ ಬದಲಿಸಲಿ. ಸ್ಟೀಮ್ ಗಾರ್ಡ್ (ಖಾತೆಯ ಭದ್ರತೆ) ಸೆಟ್ಟಿಂಗ್‌ನಲ್ಲಿ ಎಲ್ಲ ಡಿವೈಸ್‌ನಿಂದ ಹೊರಹಾಕುವ ಆಯ್ಕೆ ಇದೆ, ಒತ್ತಲಿ. ವೆಬ್ ಎಪಿಐ ಕೀ (ಬೇರೆ ಪ್ರೋಗ್ರಾಂ ಖಾತೆಯನ್ನು ತಲುಪಲು ಬಳಸುವ ಕೀಲಿ) ಪುಟದಲ್ಲಿ ತಾವು ಮಾಡದ ಕೀ ಇದ್ದರೆ ಅಳಿಸಲಿ. ಇದನ್ನು ಬಿಟ್ಟರೆ ಪಾಸ್‌ವರ್ಡ್ ಬದಲಿಸಿದಮೇಲೂ ಕಳ್ಳನ ಕೈ ಒಳಗೇ ಇರುತ್ತದೆ. ಒಳಗೆ ಹೋಗಲೇ ಆಗದಿದ್ದರೆ ಸ್ಟೀಮ್ ಸಪೋರ್ಟ್ ಪುಟದಲ್ಲಿ ಮಾತ್ರ ಕೇಳಲಿ. ನಾನು ಸ್ಟೀಮ್ ಸಿಬ್ಬಂದಿ ಅಂತ ಚಾಟ್‌ನಲ್ಲಿ ಯಾರಾದರೂ ಬಂದರೆ ಅವನೂ ಕಳ್ಳನೇ.

ಇಲ್ಲಿ ಓದುತ್ತಿರುವ ಎಲ್ಲರಿಗೂ ಕೇಳಿಕೊಳ್ಳುತ್ತೇನೆ. ಗೆಳೆಯನ ಹೆಸರಿನಿಂದ ಲಿಂಕ್ ಬಂದರೆ, ಒತ್ತುವ ಮೊದಲು ಅವನಿಗೆ ಫೋನ್ ಮಾಡಿ ಕೇಳಿ.


ಕೊಡಚಾದ್ರಿ_ಗಾಳಿ | ನಗರ

ನನ್ನ ಚಿಕ್ಕಪ್ಪನ ಮಗನ ಮನೆಯಲ್ಲಿ ವಿಂಡೋಸ್ 7 ಪಿಸಿ ಇದೆ. ಅಲ್ಲೂ ಫ್ರೆಂಡ್ಸ್ ಕಿಟಕಿ ಕಪ್ಪಗೆ ಬರುತ್ತದೆ ಅಂತಿದ್ದ.


ತುಂಗಾತೀರ | ಶಿವಮೊಗ್ಗ

2024ರ ಜನವರಿ 1ರಿಂದ ಸ್ಟೀಮ್ ವಿಂಡೋಸ್ 7 ಮತ್ತು 8ಕ್ಕೆ ಬೆಂಬಲ ನಿಲ್ಲಿಸಿದೆ. ಸ್ಟೀಮ್ ಒಳಗಿರುವ ಕ್ರೋಮ್ ಬ್ರೌಸರ್ ಭಾಗ ಆ ವಿಂಡೋಸ್‌ನಲ್ಲಿ ಮುಂದುವರಿಯುವುದಿಲ್ಲ. ಅಲ್ಲಿ ವಿಂಡೋಸ್ ಬದಲಿಸುವುದೇ ಸರಿ, ನಿನ್ನ ಫಾರ್ಮ್ಯಾಟ್ ಸಲಹೆ ಅಲ್ಲಿಗೆ ಸರಿಹೊಂದುತ್ತದೆ. ವಿಂಡೋಸ್ 10 ಅಥವಾ 11ರಲ್ಲೇ ಕಪ್ಪಗೆ ಬಂದರೆ ಸೆಟ್ಟಿಂಗ್ಸ್‌ನ 'ಇಂಟರ್‌ಫೇಸ್' ವಿಭಾಗದಲ್ಲಿ ವೆಬ್ ಪುಟಗಳಿಗೆ ಜಿಪಿಯು (ಗ್ರಾಫಿಕ್ಸ್ ಚಿಪ್) ಬಳಸುವ ಆಯ್ಕೆ ತೆಗೆದು ನೋಡಿ. ಜತೆಗೆ ವೆಬ್ ಬ್ರೌಸರ್ ಡೇಟಾ ಅಳಿಸಿ.


ತೀರ್ಥಹಳ್ಳಿ_ತಂದೆ | ತೀರ್ಥಹಳ್ಳಿ

ಮಗಳಿಗೆ ಫೋನ್ ಮಾಡಿದೆ. ಹೌದಂತೆ, ಅವಳೇ ಮುಚ್ಚಿಟ್ಟಿದ್ದು. ಪರೀಕ್ಷೆ ಮುಗಿದಮೇಲೆ ಬಿಡಿಸುತ್ತೇನೆ ಅಂದಿದ್ದಾಳೆ. ಮಗನೂ ಒಪ್ಪಿದ. ವಿವರವಾಗಿ ತಿಳಿಸಿದ್ದಕ್ಕೆ ಧನ್ಯವಾದ.


ಅಡಿಕೆ_ಆಟಗಾರ | ಹೊಸನಗರ

ಸೆಲ್ ಬದಲಿಸಿದೆ ಅಣ್ಣ. ಕೊಕ್ಕೆ ಸ್ವಲ್ಪ ಬಿಗಿ ಇತ್ತು, ನಿಧಾನಕ್ಕೆ ತಳ್ಳಿದಾಗ ಬಂತು. ಹಳೇ ಸೆಲ್ ಮೇಲೆ ಬಿಳಿ ಪುಡಿ ಕಟ್ಟಿತ್ತು, ನಮ್ಮ ಮಳೆಗಾಲದ ತೇವಕ್ಕೆ ಇರಬೇಕು. ಹೋಲ್ಡರಿನ ಕಾಲನ್ನು ಒಣ ಬಟ್ಟೆಯಲ್ಲಿ ಒರೆಸಿ ಹೊಸದು ಹಾಕಿದೆ. ನಿನ್ನೆ ರಾತ್ರಿ ಮತ್ತೆ ಗುಡುಗು, ಪ್ಲಗ್ಗೂ ನೆಟ್‌ವರ್ಕ್ ಕೇಬಲ್ಲೂ ಎರಡೂ ಕಿತ್ತಿದ್ದೆವು. ಬೆಳಿಗ್ಗೆ ತಾರೀಖು ಸರಿ, ಟೈಮ್ ಸರಿ, ಲಿಸ್ಟ್ ಪೂರ್ತಿ ಇದೆ. ಶನಿವಾರ ಆಟ ಇದೆ ಅಂತ ಎಲ್ಲರಿಗೂ ಹೇಳಿಬಿಟ್ಟಿದ್ದೇನೆ.


ಉಕ್ಕಿನೂರು | ಭದ್ರಾವತಿ

ನನ್ನದೂ ಆಯಿತು. ಗೆಳೆಯ ಕೋಡ್ ಹಾಕಿ ರಿಕ್ವೆಸ್ಟ್ ಕಳಿಸಿದ, ಒಪ್ಪಿಕೊಂಡೆ. ಆದರೆ ವಾಯ್ಸ್ ಚಾಟ್‌ನಲ್ಲಿ ನನ್ನ ದನಿ ಅವನಿಗೆ ಕೇಳುವುದಿಲ್ಲ, ಅವನದು ನನಗೆ ಕೇಳುತ್ತದೆ.


ತುಂಗಾತೀರ | ಶಿವಮೊಗ್ಗ

ವಿಂಡೋಸ್‌ನ ಪ್ರೈವಸಿ ಸೆಟ್ಟಿಂಗ್‌ನಲ್ಲಿ ಮೈಕ್ರೊಫೋನ್‌ಗೆ ಅನುಮತಿ ಇದೆಯಾ ನೋಡು. ಆಮೇಲೆ ಸ್ಟೀಮ್ ಸೆಟ್ಟಿಂಗ್ಸ್‌ನ 'ವಾಯ್ಸ್'ನಲ್ಲಿ ಸರಿಯಾದ ಮೈಕ್ ಆರಿಸಿ ಅಲ್ಲೇ ಪರೀಕ್ಷೆ ಮಾಡು. ಆಗದಿದ್ದರೆ ಹೆಡ್‌ಸೆಟ್ ಯಾವುದು, ಒಂದು ಪಿನ್ನಿನದಾ ಎರಡು ಪಿನ್ನಿನದಾ ಅಂತ ಬರೆದು ಬೇರೆ ಚರ್ಚೆ ಶುರು ಮಾಡು, ಅಲ್ಲಿ ನೋಡೋಣ.